ಕೈದಿಗಳು ಕಡಿದ ಹಾದಿ

ಆಸ್ಟ್ರೇಲಿಯದ ಸಿಡ್ನಿಯಿಂದ ಉತ್ತರದ ಹಂಟರ್ ಕಣಿವೆಗೆ ‘ಗ್ರೇಟ್ ನಾರ್ತ್ ರೋಡ್’ ಎಂಬ ರಸ್ತೆಯನ್ನು ಬ್ರಿಟಿಷರು 1826ರಿಂದ 1836ರವರೆಗೆ ಕಟ್ಟಿಸಿದರು. ಬೆಟ್ಟಗಳ ಬಂಡೆಯನ್ನು ಸೀಳಿದವರು ಗಡೀಪಾರಾಗಿ ಬಂದ ಕೈದಿಗಳು. ಅನೇಕರ ಕಾಲಿಗೆ ಸಂಕೋಲೆ. ಆದರೆ ದಾರಿಯಲ್ಲಿ ನೀರು, ಮೇವು ವಿರಳ. ಕೆಲಸ ಮುಗಿಯುವ ಮೊದಲೇ ಕರಾವಳಿಯಲ್ಲಿ ಹಬೆಹಡಗುಗಳ ಸಂಚಾರವೂ ಆರಂಭವಾಗಿತ್ತು. ಜನರು ಕಡಲನ್ನೇ ನೆಚ್ಚಿದರು.

ಇಂದು ಆ ಹಾದಿಯ ಬಹುಭಾಗ ಡಾಂಬರಿನಡಿ ಅಡಗಿದೆ. ಕೆಲವೆಡೆ ಅದು ಸಿಡ್ನಿಯ ಬಡಾವಣೆಗಳ ಬೀದಿ. ವೈಸ್‌ಮನ್ಸ್ ಫೆರಿಯ ಉತ್ತರಕ್ಕೆ ಸುಮಾರು 43 ಕಿಲೋಮೀಟರು ಮಾತ್ರ ಕಾಡಿನ ನಡುವೆ ಹಳೆಯ ರೂಪದಲ್ಲೇ ಉಳಿದಿದೆ. ಅದರ ಒಂದು ಭಾಗ 2010ರಲ್ಲಿ ಯುನೆಸ್ಕೊದ ವಿಶ್ವಪರಂಪರೆಯ ಪಟ್ಟಿಗೆ ಸೇರಿತು. ವಾಹನಗಳಿಲ್ಲದ ಆ ಏರಿನಲ್ಲಿ, ಕೈದಿಗಳ ಉಪಕರಣಗಳ ಗೀರುಗಳನ್ನು ಬಂಡೆಯ ಮೇಲೆ ಈಗಲೂ ಕಾಣಬಹುದು. ಅವನ್ನು ಕಾಪಾಡಿದ್ದು ಜನರ ಅನಾದರವೇ ಎಂಬುದು ವಿಚಿತ್ರವಾದರೂ ಸತ್ಯ.