ಕಾಗೋಡಿನಿಂದ ಸಚಿವ ಸಂಪುಟದವರೆಗೆ

ಕರ್ನಾಟಕದಲ್ಲಿ ಸಮಾಜವಾದಿಗಳು ಅಧಿಕಾರಕ್ಕೆ ಬರಲೇ ಇಲ್ಲ, ಬಂದಿದ್ದರೆ ದುಡಿಯುವವನ ಪಾಡು ಬೇರೆಯೇ ಆಗುತ್ತಿತ್ತು ಎಂದು ಹಲುಬುವವರು ಬಹಳ ಮಂದಿ ಇದ್ದಾರೆ. ಇದು ಸುಳ್ಳು ಸಮಾಧಾನ. ಅವರು ಬಂದರು. ಕೆಂಗಲ್ ಹನುಮಂತಯ್ಯನವರು ಕಟ್ಟಿಸಿದ ವಿಧಾನಸೌಧದ ಮೂರನೆಯ ಮಹಡಿಗೇ ಬಂದರು. ಲೋಹಿಯಾ ಶಿಷ್ಯರೊಬ್ಬರು 1996ರಿಂದ 1999ರವರೆಗೆ ಈ ರಾಜ್ಯದ ಮುಖ್ಯಮಂತ್ರಿಯಾಗಿದ್ದರು. ಮಂಗಳೂರಿನಲ್ಲಿ ಹುಟ್ಟಿದ ಇನ್ನೊಬ್ಬರು ದೆಹಲಿಯಲ್ಲಿ ಕೈಗಾರಿಕಾ ಮಂತ್ರಿ, ರೈಲ್ವೆ ಮಂತ್ರಿ, ರಕ್ಷಣಾ ಮಂತ್ರಿ ಎಲ್ಲವೂ ಆದರು. ಆದ್ದರಿಂದ ಪ್ರಶ್ನೆ ಬಂದರೋ ಇಲ್ಲವೋ ಎಂಬುದಲ್ಲ. ಬಂದು ಏನು ಮಾಡಿದರು, ಹೋಗುವಾಗ ಏನನ್ನು ಬಿಟ್ಟು ಹೋದರು ಎಂಬುದು. ಜಾಲಹಳ್ಳಿಯ ಕಾರ್ಮಿಕನಿಗೂ ಯಶವಂತಪುರ ಯಾರ್ಡಿನ ಚಿಲ್ಲರೆ ವರ್ತಕನಿಗೂ ಈ ಲೆಕ್ಕ ಕೇಳುವ ಹಕ್ಕಿದೆ.

ಲೆಕ್ಕವನ್ನು ಮೊದಲಿನಿಂದಲೇ ತೆಗೆಯೋಣ. 1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿದಾರರು ಒಡೆಯರ ಎದುರು ಎದ್ದು ನಿಂತದ್ದು ಯಾವ ದೊಡ್ಡ ತತ್ವಕ್ಕಾಗಿ? ಒಂದು ಕೊಳಗಕ್ಕಾಗಿ! ಗೇಣಿ ಭತ್ತ ಅಳೆಯುವಾಗ ಒಡೆಯರ ಮನೆಯ ಕೊಳಗ ದೊಡ್ಡದು, ಊರಿನ ಕೊಳಗ ಚಿಕ್ಕದು. ತಕ್ಕಡಿ ಹಿಡಿದು ಬದುಕುವ ವ್ಯಾಪಾರಿಗೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಎಚ್. ಗಣಪತಿಯಪ್ಪನವರ ರೈತ ಸಂಘ ಕಟ್ಟಿದ ಆ ಹೋರಾಟಕ್ಕೆ ಶಾಂತವೇರಿ ಗೋಪಾಲಗೌಡರು ಹೆಗಲು ಕೊಟ್ಟರು. ಡಾಕ್ಟರ್ ರಾಮಮನೋಹರ ಲೋಹಿಯಾ ಅಲ್ಲಿಗೇ ಬಂದು ಸೆರೆಯಾದರು. ಮರುವರ್ಷ, 1952ರಲ್ಲಿ, ಇನ್ನೂ ಮೂವತ್ತು ತುಂಬದ ಗೋಪಾಲಗೌಡರನ್ನು ಆ ಸೀಮೆಯ ಜನ ಶಾಸನ ಸಭೆಗೆ ಕಳುಹಿಸಿದರು. ಹಣವಿಲ್ಲ, ಜಾತಿಬಲವಿಲ್ಲ, ಇದ್ದದ್ದು ಕೊಳಗದ ಪ್ರಶ್ನೆಯೊಂದೇ. ಪಕ್ಷವೆಂಬುದು ಹುಟ್ಟಬೇಕಾದದ್ದು ಹಾಗೆ.

ಪಕ್ಷ ಕೆಡುವುದು ಹೇಗೆ ಎಂಬ ಪಾಠವೂ ತಡವಾಗಿ ಬರಲಿಲ್ಲ. 1952ರ ಸೆಪ್ಟೆಂಬರಿನಲ್ಲಿ ಸಮಾಜವಾದಿ ಪಕ್ಷವೂ ಕಿಸಾನ್ ಮಜ್ದೂರ್ ಪ್ರಜಾ ಪಕ್ಷವೂ ಕೂಡಿ ಪ್ರಜಾ ಸಮಾಜವಾದಿ ಪಕ್ಷವಾಯಿತು. 1954ರ ಮಾರ್ಚಿಯಲ್ಲಿ ನೆರೆಯ ತಿರುವಾಂಕೂರು-ಕೊಚ್ಚಿಯಲ್ಲಿ ಆ ಪಕ್ಷದ ಪಟ್ಟಂ ತಾಣು ಪಿಳ್ಳೆಯವರು ಮುಖ್ಯಮಂತ್ರಿಯಾದರು. ಸ್ವಂತ ಬಲ ಅಷ್ಟಕ್ಕಷ್ಟೆ. ಹೊರಗಿನಿಂದ ಕಾಂಗ್ರೆಸಿನ ಊರುಗೋಲು. ಅದೇ ಆಗಸ್ಟಿನಲ್ಲಿ ದಕ್ಷಿಣದ ತಮಿಳು ತಾಲ್ಲೂಕುಗಳಲ್ಲಿ ಮದರಾಸಿಗೆ ಸೇರಬೇಕೆಂಬ ಚಳವಳಿ ನಡೆಯಿತು. ಪೊಲೀಸರು ಗುಂಡು ಹಾರಿಸಿದರು. ಜನ ಸತ್ತರು. ಆಗ ಲೋಹಿಯಾ ಪಕ್ಷದ ಪ್ರಧಾನ ಕಾರ್ಯದರ್ಶಿ; ಉತ್ತರ ಪ್ರದೇಶದ ಜೈಲಿನಲ್ಲಿದ್ದರು. ಜೈಲಿನಿಂದಲೇ ತಂತಿ ಕಳುಹಿಸಿದರು: ನಮ್ಮ ಸರ್ಕಾರ ರಾಜೀನಾಮೆ ಕೊಡಲಿ, ವಿಚಾರಣೆ ನಡೆಯಲಿ.

ಪಕ್ಷದ ಹಿರಿಯರು ಒಪ್ಪಲಿಲ್ಲ. ಸರ್ಕಾರ ನಡೆಸುವವರಿಗೆ ಶಾಂತಿಪಾಲನೆಯ ಹೊಣೆ ಇರುತ್ತದೆ, ಜೈಲಿನಲ್ಲಿ ಕೂತವರಿಗೆ ಅದು ತಿಳಿಯದು ಎಂಬ ಧಾಟಿಯ ವಾದ. ಈ ವಾದವನ್ನು ಓದುಗರು ಗುರುತಿಟ್ಟುಕೊಳ್ಳಲಿ. ಮುಂದೆ ಎಪ್ಪತ್ತು ವರ್ಷ ನಾನಾ ವೇಷದಲ್ಲಿ ಬಂದದ್ದು ಇದೊಂದೇ ವಾದ. ಪಿಳ್ಳೆಯವರ ಸರ್ಕಾರ ಹೇಗೂ ಉಳಿಯಲಿಲ್ಲ. 1955ರ ಫೆಬ್ರವರಿಯಲ್ಲಿ ಬಿದ್ದೇ ಹೋಯಿತು. ಆದರೆ ಪಕ್ಷ ಒಡೆಯಿತು. ಲೋಹಿಯಾ ಹೊರಬಿದ್ದು ಬೇರೆ ಸಮಾಜವಾದಿ ಪಕ್ಷ ಕಟ್ಟಿದರು. ಒಂದು ವರ್ಷವೂ ಬಾಳದ ಗದ್ದುಗೆಗಾಗಿ ಇಡೀ ಪಕ್ಷವನ್ನೇ ಒತ್ತೆಯಿಟ್ಟವರನ್ನು ವ್ಯವಹಾರಜ್ಞರೆನ್ನುವುದಾದರೆ, ಸಾಲಕ್ಕೆ ಅಂಗಡಿ ಬರೆದುಕೊಡುವವನನ್ನೂ ಹಾಗೆಯೇ ಕರೆಯಬೇಕಾದೀತು.

1964ರಲ್ಲಿ ಕೂಡಿದರು, 1965ರಲ್ಲಿ ಮತ್ತೆ ಮುರಿದರು. ಆ ಕೂಡು-ಕಳೆಯ ವಿವರ ಇಲ್ಲಿ ಬೇಡ. ಅಷ್ಟರಲ್ಲಿ ಗೇಣಿದಾರನಿಗೆ ಭೂಮಿ ಸಿಕ್ಕಿದ್ದು ಯಾರಿಂದ? 1961ರ ಭೂಸುಧಾರಣಾ ಕಾಯಿದೆಗೆ 1974ರಲ್ಲಿ ಹಲ್ಲು ಕೊಟ್ಟವರು ಕಾಂಗ್ರೆಸಿನ ದೇವರಾಜ ಅರಸರು. ಗೋಪಾಲಗೌಡರು 1972ರ ಜೂನಿನಲ್ಲೇ ತೀರಿಕೊಂಡಿದ್ದರು. ಕಾಗೋಡಿನ ಗೆಲುವನ್ನು ಕಾಗೋಡಿನ ನಾಯಕ ಕಣ್ಣಾರೆ ಕಾಣಲಿಲ್ಲ. ಗದ್ದುಗೆಯ ಹೊರಗಿದ್ದೂ ಸಮಾಜವಾದಿಗಳು ಸರ್ಕಾರವನ್ನು ತಮ್ಮ ಹಾದಿಗೆ ಎಳೆಯಬಲ್ಲವರಾಗಿದ್ದರು. ಒಳಗೆ ಹೋದ ಮೇಲೆ ಆ ಬಲ ಎಲ್ಲಿ ಹೋಯಿತು?

1974ರ ಮೇ 8ರಂದು ರೈಲ್ವೆ ಮುಷ್ಕರ. ಸುಮಾರು 17 ಲಕ್ಷ ನೌಕರರು, 20 ದಿನ. ಮುಂದೆ ನಿಂತವರು ಜಾರ್ಜ್ ಫರ್ನಾಂಡಿಸ್. ಬಳಿಕ ತುರ್ತುಪರಿಸ್ಥಿತಿ. ಜಾರ್ಜ್ ಎಲ್ಲಿ ಎಂದು ಕೇಳಿ ಅವರ ತಮ್ಮ ಲಾರೆನ್ಸರನ್ನು ಬೆಂಗಳೂರಿನ ಪೊಲೀಸರು 1976ರಲ್ಲಿ ಹಿಡಿದು ಹಿಂಸಿಸಿದರು. ನಟಿ ಸ್ನೇಹಲತಾ ರೆಡ್ಡಿಯವರು ಇದೇ ಊರಿನ ಸೆರೆಮನೆಯಲ್ಲಿ ಉಬ್ಬಸದಿಂದ ನರಳಿ, ಬಿಡುಗಡೆಯಾದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ ಪ್ರಾಣಬಿಟ್ಟರು. ಇಂಥ ಬೆಲೆ ತೆತ್ತ ಪಕ್ಷ ಆ ವರ್ಷವೇ ಏನು ಮಾಡಿತು? ಜನತಾ ಪಕ್ಷದೊಳಗೆ ಕರಗಿ ತನ್ನ ಹೆಸರನ್ನೇ ಅಳಿಸಿಕೊಂಡಿತು. ಒಂದು ಪಕ್ಕದಲ್ಲಿ ಸಂಸ್ಥಾ ಕಾಂಗ್ರೆಸಿನ ಹಳೆಯ ಯಜಮಾನರು, ಇನ್ನೊಂದು ಪಕ್ಕದಲ್ಲಿ ಜನಸಂಘ, ನಡುವೆ ನಮ್ಮವರು. ಸರ್ವಾಧಿಕಾರವನ್ನು ಉರುಳಿಸಲು ಎಲ್ಲರೂ ಸೇರಬೇಕಾಗಿತ್ತು, ನಿಜ. ಆದರೆ ಸೇರುವುದು ಬೇರೆ, ಕರಗುವುದು ಬೇರೆ. ಸಂತೆಗೆ ಹತ್ತು ಜನ ಒಂದೇ ಗಾಡಿಯಲ್ಲಿ ಹೋದರೆ ಮೂಟೆಗಳನ್ನು ಒಟ್ಟಿಗೆ ಸುರಿಯುವುದಿಲ್ಲ.

ಕೈಗಾರಿಕಾ ಮಂತ್ರಿಯಾಗಿ ಜಾರ್ಜ್ ಕೆಲಸ ಮಾಡಲಿಲ್ಲವೆಂದಲ್ಲ. ಕಾನೂನಿಗೆ ಬಗ್ಗದ ಕೋಕಾ-ಕೋಲಾ 1977ರಲ್ಲಿ ದೇಶ ಬಿಟ್ಟಿತು, ಐ.ಬಿ.ಎಂ. ಮರುವರ್ಷ ಹೋಯಿತು. ಆದರೆ 1979ರ ಜುಲೈಯಲ್ಲಿ ಲೋಕಸಭೆಯಲ್ಲಿ ಮೊರಾರ್ಜಿ ಸರ್ಕಾರದ ಪರವಾಗಿ ಘಂಟಾಘೋಷವಾಗಿ ಮಾತಾಡಿದವರು, ಕೆಲವೇ ದಿನಗಳಲ್ಲಿ ಆ ಸರ್ಕಾರದಿಂದ ಹೊರನಡೆದರು. ಮುಂದೆ 1994ರಲ್ಲಿ ಸಮತಾ ಪಕ್ಷ, 1998ರಲ್ಲಿ ವಾಜಪೇಯಿಯವರ ಸಂಪುಟ. ನಮ್ಮ ಬಿ.ಇ.ಎಲ್. ರಕ್ಷಣಾ ಇಲಾಖೆಗೆ ಸೇರಿದ್ದು. ರೈಲ್ವೆ ಮುಷ್ಕರದ ಜಾರ್ಜ್ ನಮ್ಮ ಮಂತ್ರಿಯಾದರೆಂದು ಜಾಲಹಳ್ಳಿಯಲ್ಲಿ ಸಂತೋಷಪಟ್ಟವರಿದ್ದರು. 2001ರ ಮಾರ್ಚಿಯಲ್ಲಿ ಅದೇ ಸಂಪುಟ ಬಾಲ್ಕೋ ಕಾರ್ಖಾನೆಯ ನೂರಕ್ಕೆ 51 ಪಾಲನ್ನು ಸ್ಟರ್ಲೈಟ್ ಕಂಪನಿಗೆ ಮಾರಿತು. ಅಲ್ಲಿಯ ಕಾರ್ಮಿಕರು 67 ದಿನ ಮುಷ್ಕರ ಹೂಡಿದರು. 2002ರಲ್ಲಿ ಎಣ್ಣೆ ಕಂಪನಿಗಳನ್ನು ಮಾರಹೊರಟಾಗ ಜಾರ್ಜ್ ಅಡ್ಡ ನಿಂತರು. ಅದನ್ನೂ ಹೇಳದೆ ಹೋದರೆ ಅನ್ಯಾಯವಾದೀತು. ಆದರೆ ಒಂದು ಕಾಲದಲ್ಲಿ ದೇಶದ ರೈಲನ್ನೇ ನಿಲ್ಲಿಸಿದ ಕೈ, ಬಾಲ್ಕೋ ಮಾರಾಟದ ಹೊತ್ತಿಗೆ ಮೇಲೇಳಲಿಲ್ಲ.

ಇನ್ನು ನಮ್ಮ ರಾಜ್ಯಕ್ಕೆ ಬನ್ನಿ. 1980ರ ಡಿಸೆಂಬರಿನಲ್ಲಿ ಎಚ್.ಎಂ.ಟಿ., ಬಿ.ಇ.ಎಲ್., ಐ.ಟಿ.ಐ., ಎಚ್.ಎ.ಎಲ್., ಬಿ.ಇ.ಎಂ.ಎಲ್. ಐದೂ ಕಡೆ ಚಕ್ರ ನಿಂತಿತು. ಬಿ.ಎಚ್.ಇ.ಎಲ್. ನೌಕರರಿಗೆ ಕೊಟ್ಟ ಮಜೂರಿ ನಮಗೂ ಕೊಡಿ ಎಂಬುದು ಬೇಡಿಕೆ. 77 ದಿನ ಸಂಬಳವಿಲ್ಲದೆ ನಡೆದ ಮುಷ್ಕರ ಅದು. ಜಾಲಹಳ್ಳಿಯ ಸುತ್ತ ದಿನಸಿ ಅಂಗಡಿಯವರು ಸಾಲ ಕೊಟ್ಟು ಸಾಕಿದ್ದಲ್ಲದೆ ಆ ಮನೆಗಳ ಒಲೆ ಉರಿಯುತ್ತಿತ್ತೆ? ಸಣ್ಣ ವ್ಯಾಪಾರಿಗೂ ಕಾರ್ಮಿಕನಿಗೂ ಇರುವ ನಂಟನ್ನು ಗ್ರಂಥದಲ್ಲಿ ಹುಡುಕುವವರು ಆ ಕಡದ ಪುಸ್ತಕಗಳನ್ನು ನೋಡಬೇಕಿತ್ತು. ಮುಷ್ಕರ ಹೇಳಿಕೊಳ್ಳುವಂಥದ್ದೇನೂ ದಕ್ಕದೆ ಮುಗಿಯಿತು. ಆದರೆ 1983ರಲ್ಲಿ ಗುಂಡೂರಾಯರ ಸರ್ಕಾರ ಉರುಳಿದ್ದರಲ್ಲಿ ನರಗುಂದ-ನವಲಗುಂದದ ರೈತನ ಪಾಲು ಇದ್ದಂತೆ ಈ ಕಾರ್ಮಿಕನ ಪಾಲೂ ಇತ್ತು.

ಜನತಾ ಪಕ್ಷ 95 ಸ್ಥಾನ ಗೆದ್ದು, ಎಡಪಕ್ಷಗಳದ್ದೂ ಭಾರತೀಯ ಜನತಾ ಪಕ್ಷದ್ದೂ ಬೆಂಬಲ ಪಡೆದು, ರಾಮಕೃಷ್ಣ ಹೆಗಡೆಯವರು ಮುಖ್ಯಮಂತ್ರಿಯಾದರು. ಪಂಚಾಯತಿಗಳಿಗೆ ನಿಜವಾದ ಅಧಿಕಾರ ಕೊಟ್ಟದ್ದು, ನಜೀರ್ ಸಾಬರು ಹಳ್ಳಿಗಳಿಗೆ ಕೊಳವೆ ಬಾವಿಯ ನೀರು ಕೊಟ್ಟದ್ದು, ಲೋಕಾಯುಕ್ತ ತಂದದ್ದು ಈ ಸರ್ಕಾರದ ಪುಣ್ಯದ ಖಾತೆ. ಈ ರಾಜ್ಯ ಕಂಡ ಒಳ್ಳೆಯ ಸರ್ಕಾರಗಳಲ್ಲಿ ಅದೊಂದು. ಆದರೆ ಹಳ್ಳಿಯ ಪಂಚಾಯತಿಗೆ ಬಂದ ಪ್ರಜಾಪ್ರಭುತ್ವ ಕಾರ್ಖಾನೆಯ ಗೇಟಿನ ಒಳಗೆ ಬರಲಿಲ್ಲ.

1994ರ ಡಿಸೆಂಬರಿನಲ್ಲಿ ಜನತಾದಳ 115 ಸ್ಥಾನ ಪಡೆದು ಸ್ವಂತ ಬಲದಿಂದಲೇ ಬಂತು. ಈಗ ಊರುಗೋಲಿನ ನೆಪವೂ ಇಲ್ಲ. ದೇವೇಗೌಡರು ಸಮಾಜವಾದಿಗಳಲ್ಲ, ಸಂಸ್ಥಾ ಕಾಂಗ್ರೆಸಿನ ಕಡೆಯವರು. ಅವರಿಂದ ಕೇಳುವುದು ಬೇರೆ. ಅವರು ಪ್ರಧಾನಿಯಾಗಿ ಹೋದ ಮೇಲೆ ಗದ್ದುಗೆ ಏರಿದ ಜೆ.ಎಚ್. ಪಟೇಲರನ್ನು ಕೇಳಬೇಕು. 1967ರಲ್ಲಿ ಸಂಯುಕ್ತ ಸಮಾಜವಾದಿ ಪಕ್ಷದಿಂದ ಗೆದ್ದು ಲೋಕಸಭೆಯಲ್ಲಿ ಮೊದಲು ಕನ್ನಡದಲ್ಲಿ ಮಾತಾಡಿದ ಪಟೇಲರು, ಗೋಪಾಲಗೌಡರ ಒಡನಾಡಿ, ಮಾತಿನ ಮಲ್ಲ. ಅವರ ಸರ್ಕಾರ 1997ರ ಏಪ್ರಿಲಿನಲ್ಲಿ ಬೆಂಗಳೂರು-ಮೈಸೂರು ಹೆದ್ದಾರಿಯ ಹೆಸರಿನಲ್ಲಿ ನೈಸ್ ಕಂಪನಿಯೊಡನೆ ಒಪ್ಪಂದಕ್ಕೆ ಸಹಿ ಹಾಕಿತು. ರಸ್ತೆಯೊಂದಿಗೆ ಉಪನಗರಗಳು, ಅವಕ್ಕೆ ರೈತರ ಸಾವಿರಾರು ಎಕರೆ ಭೂಮಿ. ಆ ತಂಟೆ ಕೋರ್ಟು ಕೋರ್ಟು ಅಲೆದದ್ದು ಎಲ್ಲರಿಗೂ ಗೊತ್ತು. 1999ರಲ್ಲಿ ವಿದ್ಯುತ್ ಮಂಡಳಿಯನ್ನು ಕಂಪನಿಯಾಗಿಸುವ ಕಾನೂನು ಬಂದದ್ದೂ ಅವರ ಕಾಲದಲ್ಲೇ. ಅದೇ ವರ್ಷ ದಳ ಒಡೆದಾಗ ಪಟೇಲರ ಪಾಳೆಯ ಭಾರತೀಯ ಜನತಾ ಪಕ್ಷದ ಕೈ ಹಿಡಿಯಿತು. ಕೈ ಹಿಡಿಯದೆ ಉಳಿದವರು ತಮ್ಮ ದಳಕ್ಕೆ 'ಜಾತ್ಯತೀತ' ಎಂದು ಹೆಸರಿಟ್ಟುಕೊಂಡರು. ಆ ಹೆಸರು ಏಳು ವರ್ಷವೂ ಬಾಳಲಿಲ್ಲ. 2006ರ ಫೆಬ್ರವರಿಯಲ್ಲಿ ಅವರೂ ಅದೇ ಬಾಗಿಲಿಗೆ ಹೋದರು.

ಯಾಕೆ ಹೀಗಾಯಿತು? ನಾಯಕರು ಕೆಟ್ಟವರೆಂದು ಹೇಳಿ ಕೈ ತೊಳೆದುಕೊಳ್ಳುವುದು ಸುಲಭ. ಇಂಗ್ಲೆಂಡಿನಲ್ಲೂ ನಾಯಕರು ಕೈಕೊಟ್ಟರು. 1931ರಲ್ಲಿ ಅಲ್ಲಿಯ ಲೇಬರ್ ಪ್ರಧಾನಿ ರ್‍ಯಾಮ್ಸೆ ಮ್ಯಾಕ್ಡೊನಾಲ್ಡ್ ನಿರುದ್ಯೋಗಿಗಳ ಭತ್ಯವನ್ನೇ ಕತ್ತರಿಸಹೊರಟು, ಸಂಪುಟ ಒಡೆದಾಗ, ಕನ್ಸರ್ವೇಟಿವರೊಡನೆ ಕೂಡಿ ಸರ್ಕಾರ ಕಟ್ಟಿದರು. ಪಕ್ಷ ಏನು ಮಾಡಿತು? ಪ್ರಧಾನಿಯನ್ನೇ ಹೊರಹಾಕಿತು! ಆ ಚುನಾವಣೆಯಲ್ಲಿ 287ರಿಂದ ಐವತ್ತರ ಆಸುಪಾಸಿಗೆ ಕುಸಿದರೂ ಪಕ್ಷ ಉಳಿಯಿತು. 1945ರಲ್ಲಿ ಆಟ್ಲಿಯವರೊಡನೆ ಭಾರಿ ಬಹುಮತದಿಂದ ಬಂದು ಗಣಿಗಳನ್ನೂ ರೈಲನ್ನೂ ರಾಷ್ಟ್ರದ್ದಾಗಿಸಿತು. 1948ರಲ್ಲಿ ಎಲ್ಲರಿಗೂ ಪುಕ್ಕಟೆ ಆಸ್ಪತ್ರೆ ಕೊಟ್ಟಿತು. ಮುಂದೆ ಬ್ಲೇರ್ ಬಂದು 1995ರಲ್ಲಿ ಉತ್ಪಾದನಾ ಸಾಧನಗಳು ಎಲ್ಲರ ಸ್ವತ್ತಾಗಬೇಕೆಂಬ ಮಾತನ್ನೇ ಪಕ್ಷದ ಸಂವಿಧಾನದಿಂದ ಕಿತ್ತರು. ಆ ಪಕ್ಷವನ್ನು ನಾನು ಹೊಗಳುತ್ತಿಲ್ಲ. ಆದರೆ 2024ರಲ್ಲಿ ಮತ್ತೆ ಗೆದ್ದ ಲೇಬರ್ ಸರ್ಕಾರ ಮುದುಕರಿಗೆ ಚಳಿಗಾಲದಲ್ಲಿ ಕೊಡುವ ಸೌದೆಕಾಸನ್ನು ಕಿತ್ತಾಗ, ಆ ವರ್ಷದ ಪಕ್ಷದ ಸಮ್ಮೇಳನದಲ್ಲೇ ಕಾರ್ಮಿಕ ಸಂಘಗಳು ಸರ್ಕಾರದ ವಿರುದ್ಧ ಠರಾವು ಗೆದ್ದವು. ಮರುವರ್ಷ ಸರ್ಕಾರ ಬಹುಪಾಲು ಹಿಂದೆ ಸರಿಯಿತು. ಯಾಕೆಂದರೆ 1900ರಲ್ಲಿ ಆ ಪಕ್ಷವನ್ನು ಹುಟ್ಟಿಸಿದ್ದು ಸಂಘಗಳು. ಪಕ್ಷ ನಡೆಯುವುದು ಅವರ ಚಂದಾ ಹಣದಿಂದ. ಮಂತ್ರಿಯ ಕಿವಿ ಹಿಂಡುವ ಕೈ ಪಕ್ಷದ ಒಳಗೇ ಇದೆ.

ನಮ್ಮಲ್ಲಿ ಆ ಕೈ ಯಾವುದು? 1948ರಲ್ಲಿ ಹಿಂದ್ ಮಜ್ದೂರ್ ಸಭಾ ಹುಟ್ಟಿದಾಗ ಸಮಾಜವಾದಿಗಳು ಅದರ ಮುಂದಿದ್ದರು. ಆದರೆ ಬೆಂಗಳೂರಿನ ಕಾರ್ಮಿಕ ಗೇಟಿನ ಒಳಗೆ ಒಂದು ಬಾವುಟ ಹಿಡಿದ, ಮತಗಟ್ಟೆಗೆ ಹೋಗುವಾಗ ಅದನ್ನು ಮಡಿಸಿಟ್ಟ. ಸಂಘದ ಚುನಾವಣೆಯಲ್ಲಿ ಸಂಬಳ ಕೇಳುವವನಿಗೆ ಓಟು, ಶಾಸನ ಸಭೆಗೆ ತನ್ನ ಜಾತಿಯವನಿಗೆ ಓಟು. ಪಕ್ಷವೂ ಸಂಘದ ಚಂದಾ ಬಿಟ್ಟು ಗುತ್ತಿಗೆದಾರನ, ಭೂವ್ಯಾಪಾರಿಯ ಥೈಲಿಗೆ ಕೈಚಾಚಿತು. ಥೈಲಿ ಕೊಟ್ಟವನ ಮಾತು ನಡೆಯುತ್ತದೆ, ಇದರಲ್ಲಿ ಆಶ್ಚರ್ಯವೇನು?

ಹಾಗೆ ನಡೆದದ್ದಕ್ಕೆ ಸಾಕ್ಷಿ ಬೇಕೆ? 2020ರ ಡಿಸೆಂಬರ್ ನೋಡಿ. ಬೇಸಾಯಗಾರನಲ್ಲದ ಹಣವಂತ ಹೊಲ ಕೊಳ್ಳದಂತೆ ತಡೆದಿದ್ದ 79-ಎ, 79-ಬಿ ಕಲಮುಗಳನ್ನು ಕಿತ್ತುಹಾಕುವ ಮಸೂದೆ ವಿಧಾನ ಪರಿಷತ್ತಿಗೆ ಬಂತು. ಯಲಹಂಕ, ದೇವನಹಳ್ಳಿ ಕಡೆ ಉಳಿದ ತುಂಡು ಹೊಲಗಳ ಮೇಲೆ ಯಾರ ಕಣ್ಣಿತ್ತೆಂದು ಹೆಬ್ಬಾಳ ದಾಟಿ ಹೋಗುವ ಯಾರೂ ಹೇಳಬಲ್ಲರು. ಮೊದಲು ಬೀದಿಯಲ್ಲಿ ವಿರೋಧಿಸಿದ್ದ ಜಾತ್ಯತೀತ ಜನತಾದಳ ಸದನದಲ್ಲಿ ಮಸೂದೆಯ ಪರ ಓಟು ಹಾಕಿತು. ಕಾಗೋಡಿನ ಕೊಳಗದಿಂದ ಹುಟ್ಟಿದ ಕಾನೂನನ್ನು ಕಿತ್ತದ್ದರಲ್ಲಿ, ಗೋಪಾಲಗೌಡರ ಚಿತ್ರ ಇಟ್ಟು ಹಾರ ಹಾಕುವ ಪರಿವಾರದ ಕೈಯೂ ಇತ್ತು.

2023ರಲ್ಲಿ ಅವರು ರಾಷ್ಟ್ರೀಯ ಪ್ರಜಾಸತ್ತಾತ್ಮಕ ಒಕ್ಕೂಟ ಸೇರಿದರು. 2024ರ ಜೂನಿನಲ್ಲಿ ಎಚ್.ಡಿ. ಕುಮಾರಸ್ವಾಮಿಯವರು ಭಾರಿ ಕೈಗಾರಿಕೆಗಳ ಮಂತ್ರಿಯಾದರು. ಅಂದರೆ ಎಚ್.ಎಂ.ಟಿ.ಗೆ ಯಜಮಾನರಾದರು. 1953ರಲ್ಲಿ ಹುಟ್ಟಿ, 1961ರಲ್ಲಿ ದೇಶದ ಕೈಗೆ ಗಡಿಯಾರ ಕಟ್ಟಿದ ಎಚ್.ಎಂ.ಟಿ.; ಅದರ ಗಡಿಯಾರ ಕಂಪನಿಯನ್ನು ಮುಚ್ಚಲು ದೆಹಲಿ 2016ರಲ್ಲೇ ಒಪ್ಪಿಗೆ ಕೊಟ್ಟಿತ್ತು. ಹೊಸ ಮಂತ್ರಿಗಳು ಪುನಶ್ಚೇತನದ ಮಾತಾಡಿದರು. ಕೂಡಲೇ ರಾಜ್ಯದ ಕಾಂಗ್ರೆಸ್ ಸರ್ಕಾರ ಜಮೀನು ಅರಣ್ಯ ಇಲಾಖೆಯದೆಂದು ಎದ್ದಿತು. ಇಬ್ಬರ ಜಗಳವೂ ಎಕರೆಗಳ ಮೇಲೆ! ಲೇತಿನ ಮುಂದೆ ನಿಂತವನ ಹೆಸರು ಎರಡು ಬಾಯಲ್ಲೂ ಇಲ್ಲ.

2025ರ ನವೆಂಬರ್ 21ರಂದು ಅದೇ ಕೇಂದ್ರ ಸಂಪುಟ ನಾಲ್ಕು ಕಾರ್ಮಿಕ ಸಂಹಿತೆಗಳನ್ನು ಜಾರಿಗೆ ತಂದಿತು. ಮೊದಲು 100 ಜನ ದುಡಿಯುವ ಕಾರ್ಖಾನೆ ಮುಚ್ಚಬೇಕಾದರೂ ಸರ್ಕಾರದ ಅನುಮತಿ ಬೇಕಿತ್ತು. ಆ ಮಿತಿ 300ಕ್ಕೆ ಏರಿತು. ಪೀಣ್ಯದ ಷೆಡ್ಡುಗಳಲ್ಲಿ 300 ಜನ ದುಡಿಯುವವು ಎಷ್ಟು? ಉಳಿದವನ್ನು ಮುಚ್ಚಲು ಮಾಲೀಕ ಸರ್ಕಾರದ ಅನುಮತಿ ಕೇಳಬೇಕಾಗಿಲ್ಲ. ಮುಷ್ಕರಕ್ಕೂ ಮುಂಚಿತ ನೋಟೀಸು ಕಡ್ಡಾಯ.

ಸಮ್ಮಿಶ್ರ ಸರ್ಕಾರದಲ್ಲಿ ಒಬ್ಬರೇ ಏನು ಮಾಡಲಾದೀತು ಎನ್ನುವಿರಾ? ತಿರುವಾಂಕೂರಿನ ವಾದವೇ ಬಂತು ನೋಡಿ. 1954ರಲ್ಲಿ ಜೈಲಿನಿಂದ ಒಂದು ತಂತಿಯಾದರೂ ಹೋಗಿತ್ತು. ಈ ಸಂಹಿತೆಗಳು ಜಾರಿಯಾದ ದಿನ ದಳದ ಯಾವ ಕಛೇರಿಯಿಂದ ಯಾರಿಗೆ ಏನು ಹೋಯಿತು ಎಂದು ಜಾಲಹಳ್ಳಿ, ಪೀಣ್ಯ, ಯಶವಂತಪುರದ ಸಂಘಗಳು ತಮ್ಮ ಮುಂದಿನ ಸರ್ವಸದಸ್ಯರ ಸಭೆಯಲ್ಲಿ ಠರಾವು ಮಾಡಿ, ಮಂತ್ರಿಗಳ ಬಾಗಿಲಿಗೇ ಒಯ್ದು ಲಿಖಿತ ಉತ್ತರ ಕೇಳಲಿ. ಯಾರ್ಡಿನ ವರ್ತಕರೂ ಹಮಾಲರೂ ಜೊತೆಗೆ ಹೋಗಲಿ. ಉತ್ತರ ಬಂದರೂ ಬರದಿದ್ದರೂ ಅದನ್ನು ಗೇಟಿನ ಹಲಗೆಯ ಮೇಲೆ ಬರೆದು ಹಾಕಲಿ. ಓಟು ಕೇಳಲು ಬರುವವರು ಆ ಗೇಟಿನ ಮುಂದೆಯೇ ಬರಬೇಕು.