ತವರಿನ ಹಕ್ಕಿಗಳೂ ಕೊರಿಯದ ಧಾರಾವಾಹಿಯೂ

ನಾವು ಈಚೆಗೆ ಮದ್ದೂರು ತಾಲ್ಲೂಕಿನ ಕೊಕ್ಕರೆ ಬೆಳ್ಳೂರಿಗೆ ಹೋದಾಗ ಹುಣಸೆಮರಗಳ ತುಂಬ ಹೆಜ್ಜಾರ್ಲೆಗಳ ಗೂಡು. ಈ ಹಕ್ಕಿಗಳನ್ನು ಊರವರು ಬಾಣಂತನಕ್ಕೆ ತವರಿಗೆ ಬಂದ ಹೆಣ್ಣುಮಕ್ಕಳೆಂದೇ ಭಾವಿಸುತ್ತಾರೆ. 2007ರಲ್ಲಿ ಸರ್ಕಾರ ಸಮುದಾಯ ಮೀಸಲು ಪ್ರದೇಶವೆಂದು ಘೋಷಿಸುವುದಕ್ಕೆ ಬಹು ಹಿಂದಿನಿಂದ ಬಂದ ಭಾವನೆಯಿದು.

ನಾವು ಇಳಿದುಕೊಂಡ ಮನೆಯಲ್ಲಿ ಪದವಿ ಮುಗಿಸಿದ ಮಗಳು ಜಗಲಿಯ ಮೇಲೆ ಕುಳಿತು ಮೊಬೈಲಿನಲ್ಲಿ ಕೊರಿಯದ ಧಾರಾವಾಹಿ ನೋಡುತ್ತಿದ್ದಳು. "ಮೂರೊತ್ತೂ ಇದೇಯ ಸ್ವಾಮಿ. ಆ ಗಂಡೈಕ್ಳು ತುಟಿಗೆ ಬಣ್ಣ ಬಳ್ಕೊಂಡಿರ್ತವೆ. ಅದ ನೋಡಿ ನೋಡಿ, ಬಂದ ಗಂಡನ್ನೆಲ್ಲ ಒಲ್ಲೆ ಅಂತಾಳೆ" ಎಂದು ತಾಯಿ ದೂರಿದರು.

ನಾವು ತಾಯಿಯ ಪಕ್ಷ ವಹಿಸಲು ಸಿದ್ಧರಾಗಿಯೇ ಇದ್ದೆವು. ಅಷ್ಟರಲ್ಲಿ ಪರದೆಯೊಳಗಿನ ಹುಡುಗಿ "ಅಪ್ಪಾ" ಎಂದು ಕೂಗಿದಳು! ಕೊರಿಯದಲ್ಲಿಯೂ ತಂದೆಗೆ ಅಪ್ಪಾ, ತಾಯಿಗೆ ಒಮ್ಮಾ. ಕ್ರಿಯಾಪದ ನಮ್ಮಲ್ಲಿಯಂತೆ ವಾಕ್ಯದ ತುದಿಗೆ. ಹಿರಿಯರೊಡನೆ ಆಡುವ ಮಾತಿಗೆ ಬೇರೆಯೇ ಗೌರವರೂಪ. ಹೋಮರ್ ಹಲ್ಬರ್ಟ್ ಎಂಬ ಅಮೆರಿಕದ ಮಿಷನರಿ 1905ರಲ್ಲಿಯೇ ಕೊರಿಯನ್ ಮತ್ತು ದ್ರಾವಿಡ ಭಾಷೆಗಳ ತೌಲನಿಕ ವ್ಯಾಕರಣ ಪ್ರಕಟಿಸಿದ್ದರು. ಅವೆರಡೂ ಒಂದೇ ಮೂಲದವೆಂಬುದನ್ನು ಇಂದಿನ ಭಾಷಾವಿದ್ವಾಂಸರು ಒಪ್ಪುವುದಿಲ್ಲ. ಆದರೂ ನಮ್ಮ ಕಿವಿಗೆ ಹಿತವಾಯಿತೆಂಬುದನ್ನು ಮುಚ್ಚಿಡಲಾರೆವು.

2013ರಲ್ಲಿ ರಂಗಕ್ಕೆ ಬಂದ ಏಳು ಯುವಕರ ಬಿ.ಟಿ.ಎಸ್. ತಂಡ 2020ರಲ್ಲಿ ಅಮೆರಿಕದ ಬಿಲ್‌ಬೋರ್ಡ್ ಹಾಡುಗಳ ಪಟ್ಟಿಯ ತುದಿಗೇರಿತು. ಅದೇ ವರ್ಷದ ಲಾಕ್‌ಡೌನಿನಲ್ಲಿ ನಮ್ಮ ಎಷ್ಟೋ ಹೆಣ್ಣುಮಕ್ಕಳ ಮೊಬೈಲಿಗೆ ಈ ಹಾಡು, ಧಾರಾವಾಹಿಗಳು ಇಳಿದವು. "ತುಟಿಗೆ ಬಣ್ಣ ಹಚ್ಚೋ ಆ ಏಳು ಜನಾನೂ ಕಡ್ಡಾಯ ರಾಷ್ಟ್ರಸೇವೆ ಮಾಡಿ 2025ರ ಜೂನ್ ಮುಗಿಯೋ ಹೊತ್ತಿಗೆ ಮುಗಿಸಿದ್ದರು" ಎಂದು ಮಗಳು ತಾಯಿಗೆ ಕೇಳುವಂತೆ ಹೇಳಿದಳು. ಬಳಿಕ ದನಿ ತಗ್ಗಿಸಿ, "ನನ್ನ ಮಾತು ಕೇಳಿಸ್ಕೊಳ್ಳೋ ಗಂಡು ಬೇಕು ಅಂದೆ. ಅದು ಧಾರಾವಾಹಿ ಕಲಿಸಿದ್ದು ಅಂತಾರೆ" ಎಂದಳು.

ಈ ಮಾತಿಗೆ ನಮ್ಮಲ್ಲಿ ಉತ್ತರವಿರಲಿಲ್ಲ. ಅಲ್ಲಿನ ನಟಿಯರ ಬಿಳುಪು, ಕಡ್ಡಿಯಂಥ ಮೈಕಟ್ಟು ನೋಡಿ ನಮ್ಮ ಮಕ್ಕಳು ಊಟ ಬಿಡುವುದಾದರೆ ಅದು ಚಿಂತಿಸಬೇಕಾದ ಸಂಗತಿಯೇ. ಆದರೆ ವಧು-ವರರ ಅಂಕಣದಲ್ಲಿ 'ಬೆಳ್ಳಗಿನ ಕನ್ಯೆ' ಬೇಕೆಂದು ಅಚ್ಚು ಹಾಕಿಸುವವರು ಕೊರಿಯದವರಲ್ಲ, ನಾವೇ.

ಸಂಜೆ ರಾಗಿಮುದ್ದೆಯ ಊಟ. ಪಾತ್ರೆ ತೊಳೆದು ಬಂದ ತಾಯಿ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಮಗಳ ಪಕ್ಕದಲ್ಲಿ ಕುಳಿತರು. "ಆ ಅತ್ತೆ ಸೊಸೇನ ಒಳಕ್ಕೆ ಬುಟ್ಕೊಂಡ್ಲಾ?" ಎಂದು ಕೇಳಿದರು.