ದೊಡ್ಡಕ್ಷರ–ಸಣ್ಣಕ್ಷರ ಪರಿವರ್ತನೆ ಮತ್ತು ಕನ್ನಡ ಪಠ್ಯದ ಶುದ್ಧಿ

ರೋಮನ್, ಗ್ರೀಕ್, ಸಿರಿಲಿಕ್ ಮುಂತಾದ ಕೆಲವು ಲಿಪಿಗಳಲ್ಲಿ ಅಕ್ಷರಗಳಿಗೆ ದೊಡ್ಡದು, ಸಣ್ಣದು ಎಂಬ ಎರಡು ರೂಪಗಳಿವೆ. ಒಂದನ್ನು ಇನ್ನೊಂದಾಗಿ ಬದಲಿಸಲು ಸಾಫ್ಟ್‌ವೇರ್ ಲೈಬ್ರರಿಗಳೆಂಬ ಸಿದ್ಧ ಕ್ರಮವಿಧಿಗಳ ಸಂಗ್ರಹಗಳು ಬಳಕೆಯಲ್ಲಿವೆ. ಐಬಿಎಂ ಸಂಸ್ಥೆಯು 1999ರಲ್ಲಿ ಮುಕ್ತ ತಂತ್ರಾಂಶವಾಗಿ ಬಿಡುಗಡೆ ಮಾಡಿದ, 2016ರಿಂದ ಯೂನಿಕೋಡ್ ಒಕ್ಕೂಟದ ಆಶ್ರಯದಲ್ಲಿರುವ ಐಸಿಯು ಇವುಗಳಲ್ಲಿ ಪ್ರಮುಖವಾದುದು. ಕನ್ನಡ ಲಿಪಿಯಲ್ಲಿ ಈ ರೂಪಭೇದವೇ ಇಲ್ಲವಾದ್ದರಿಂದ ಕನ್ನಡ ಸಂಶೋಧಕನಿಗೆ ಇದು ಹೊರಗಿನ ವಿಷಯವೆಂದು ತೋರುವುದು ಸಹಜ. ಆದರೆ ಈ ನಿಲುವು ಮರುಪರಿಶೀಲನೆಗೆ ಒಳಗಾಗಬೇಕಿದೆ.

ಈ ಪರಿವರ್ತನೆ ಮೇಲ್ನೋಟಕ್ಕೆ ಕಾಣುವಷ್ಟು ಸರಳವಲ್ಲ. 1928ರಲ್ಲಿ ರೋಮನ್ ಲಿಪಿಯನ್ನು ಅಳವಡಿಸಿಕೊಂಡ ತುರ್ಕಿ ಭಾಷೆಯಲ್ಲಿ ಚುಕ್ಕೆಯುಳ್ಳ ಐ ಮತ್ತು ಚುಕ್ಕೆಯಿಲ್ಲದ ಐ ಬೇರೆ ಬೇರೆ ಅಕ್ಷರಗಳು. ಎರಡಕ್ಕೂ ಪ್ರತ್ಯೇಕ ದೊಡ್ಡ ರೂಪಗಳಿವೆ. ಇಂಗ್ಲಿಷಿನ ನಿಯಮವನ್ನು ಹಚ್ಚಿದರೆ ಅವುಗಳ ಭೇದ ಕೆಡುತ್ತದೆ. ಜರ್ಮನ್ನಿನ ಎಸ್‌ಸೆಟ್ ಎಂಬ ಸಣ್ಣಕ್ಷರವು ದೊಡ್ಡದಾಗುವಾಗ ಸಾಮಾನ್ಯವಾಗಿ ಎರಡು ಎಸ್‌ಗಳಾಗುತ್ತದೆ. ಅವನ್ನು ಮತ್ತೆ ಸಣ್ಣದಾಗಿಸಿದರೆ ಮೂಲ ಅಕ್ಷರ ಮರಳುವುದಿಲ್ಲ. ಪರಿವರ್ತನೆಯ ನಿಯಮವು ಲಿಪಿಯನ್ನಷ್ಟೇ ಅಲ್ಲ, ಭಾಷೆಯನ್ನೂ ಅವಲಂಬಿಸಿದೆ ಎಂಬುದು ಇದರಿಂದ ಸ್ಪಷ್ಟ.

ಯೂನಿಕೋಡಿನಲ್ಲಿರುವ ಕನ್ನಡ ಪಠ್ಯವನ್ನು ಈ ಲೈಬ್ರರಿಗಳು ಇದ್ದಂತೆಯೇ ಬಿಡುತ್ತವೆ. ತೊಡಕಿರುವುದು ರೋಮನ್ ಅಕ್ಷರಗಳ ಮೂಲಕ ಹಾದುಹೋಗುವ ಕನ್ನಡದಲ್ಲಿ. ಬರಹ ತಂತ್ರಾಂಶದ ಲಿಪ್ಯಂತರ ಕ್ರಮದಲ್ಲಿ ಸಣ್ಣ ಎಲ್ ಎಂದರೆ ಲ, ದೊಡ್ಡ ಎಲ್ ಎಂದರೆ ಳ. ನ–ಣ, ತ–ಟ, ದ–ಡಗಳ ವ್ಯತ್ಯಾಸವೂ ಹೀಗೆಯೇ ಸೂಚಿತವಾಗುತ್ತದೆ. ಇಂಥ ಪಠ್ಯವನ್ನು ಹುಡುಕಾಟದ ಅನುಕೂಲಕ್ಕೆಂದು ಪೂರ್ತಿ ಸಣ್ಣಕ್ಷರಕ್ಕೆ ಇಳಿಸಿದರೆ ಬಳೆ ಬಲೆಯಾಗುತ್ತದೆ, ಹುಳಿ ಹುಲಿಯಾಗುತ್ತದೆ, ಕಳೆ ಕಲೆಯಾಗುತ್ತದೆ. ಇಂಗ್ಲಿಷಿನಲ್ಲಿ ಬರವಣಿಗೆಯ ಮರ್ಯಾದೆಯಷ್ಟೇ ಆಗಿರುವ ಭೇದವು ಇಲ್ಲಿ ಧ್ವನಿಮಾದ ಭಾರವನ್ನು ಹೊತ್ತಿದೆ.

ನುಡಿ ತಂತ್ರಾಂಶದ ಹಳೆಯ ಸಂಕೇತ ಕ್ರಮದಲ್ಲಿ ಸಿದ್ಧವಾದ ಪಠ್ಯಗಳ ಸ್ಥಿತಿ ಇನ್ನೂ ಸೂಕ್ಷ್ಮ. ಅಲ್ಲಿ ರೋಮನ್ ಅಕ್ಷರಗಳ ಸ್ಥಾನಗಳಲ್ಲಿಯೇ ಕನ್ನಡದ ಅಕ್ಷರಭಾಗಗಳನ್ನು ಕೂರಿಸಲಾಗಿತ್ತು. ದೊಡ್ಡ ಜಿ ಇರುವಲ್ಲಿ ಉ ಇದ್ದರೆ, ಸಣ್ಣ ಜಿ ಇರುವಲ್ಲಿ ರಕಾರದ ಒಡಲಿದೆ. ಆದ್ದರಿಂದ ಸಣ್ಣಕ್ಷರಕ್ಕೆ ಇಳಿಸಿದ ಕೂಡಲೇ ‘ಉತ್ತರ’ ಎಂಬ ಪದದ ಮೊದಲ ಅಕ್ಷರವೇ ಉಳಿಯುವುದಿಲ್ಲ.

ಯೂನಿಕೋಡ್ ಬಂದ ಮೇಲೆ ಈ ಚರ್ಚೆ ಅಪ್ರಸ್ತುತವೆಂದು ಹೇಳಬಹುದು. ಹೊಸ ಬರವಣಿಗೆಯ ಮಟ್ಟಿಗೆ ಅದು ಬಹುಪಾಲು ನಿಜ. ಆದರೆ ಹಳೆಯ ಸಂಕೇತದಲ್ಲಿ ಉಳಿದಿರುವ ಕಡತಗಳೂ ರೋಮನ್ ಲಿಪಿಯ ಗ್ರಂಥಸೂಚಿ, ಪದಪಟ್ಟಿಗಳೂ ಅದರಿಂದ ತಾವಾಗಿ ಸರಿಹೋಗುವುದಿಲ್ಲ. ಗ್ರಂಥಸಂಪಾದನೆಯ ದೃಷ್ಟಿಯಿಂದ ನೋಡಿದಾಗ ಅಪಾಯದ ಸ್ವರೂಪ ಮತ್ತಷ್ಟು ವಿಶದವಾಗುತ್ತದೆ. ಲಿಪಿಕಾರನ ಸ್ಖಾಲಿತ್ಯ ಅಲ್ಲಲ್ಲಿ ಸಂಭವಿಸುವಂಥದು. ಬೇರೆ ಪ್ರತಿಗಳ ಪಾಠಾಂತರಗಳಿಂದ ಅದನ್ನು ತಿದ್ದಲು ಸಾಧ್ಯ. ಯಂತ್ರದ ದೋಷವಾದರೋ ಇಡೀ ಪಠ್ಯದಲ್ಲಿ ಏಕರೂಪವಾಗಿ ವ್ಯಾಪಿಸುತ್ತದೆ. ಮೂಲ ಕಡತದ ಮೇಲೆಯೇ ಪರಿವರ್ತನೆ ನಡೆಸಿದ್ದರೆ ಹೋಲಿಸಿ ನೋಡಲು ಪ್ರತಿಯೂ ಇರುವುದಿಲ್ಲ.

ಇದರಲ್ಲಿ ಲೈಬ್ರರಿಗಳ ತಪ್ಪೇನೂ ಇಲ್ಲ. ತಮಗೆ ಒಪ್ಪಿಸಿದ್ದನ್ನು ರೋಮನ್ ಅಕ್ಷರಗಳೆಂದು ನಂಬಿ ಅವು ಕೆಲಸ ಮಾಡುತ್ತವೆ. ಒಪ್ಪಿಸುವ ಪಠ್ಯ ಯಾವ ಕ್ರಮದಲ್ಲಿದೆಯೆಂಬುದನ್ನು ತಿಳಿಸುವ ಹೊಣೆ ಭಾಷಾ ವಿದ್ವಾಂಸರದು. ಪ್ರತಿಯೊಂದು ಡಿಜಿಟಲ್ ಪಠ್ಯದೊಂದಿಗೆ ಅದರ ಸಂಕೇತ ಕ್ರಮವನ್ನು ದಾಖಲಿಸುವುದು, ಮೂಲ ಕಡತವನ್ನು ತಿದ್ದದೆ ಕಾಯ್ದಿರಿಸುವುದು, ಮೊದಲು ಯೂನಿಕೋಡಿಗೆ ತಂದು ಆನಂತರವೇ ಉಳಿದ ಸಂಸ್ಕರಣೆಗೆ ತೊಡಗುವುದು ಕನ್ನಡ ವಿಭಾಗಗಳ ರೂಢಿಯಾಗಬೇಕು. ರೋಮನ್ ಲಿಪಿ ಅನಿವಾರ್ಯವಾದಲ್ಲಿ 2001ರ ಐಎಸ್‌ಒ 15919 ಕ್ರಮವನ್ನು ಅನುಸರಿಸುವುದು ಯೋಗ್ಯ. ಅದರಲ್ಲಿ ಳಕಾರವನ್ನು ಎಲ್ ಅಕ್ಷರದ ಕೆಳಗಿನ ಚುಕ್ಕೆ ಸೂಚಿಸುತ್ತದೆ. ಅಕ್ಷರ ದೊಡ್ಡದಾದರೂ ಸಣ್ಣದಾದರೂ ಆ ಚುಕ್ಕೆ ಉಳಿಯುತ್ತದೆ. ಪಾಠಶುದ್ಧಿಯನ್ನು ಓಲೆಗರಿಯಲ್ಲಿ ಅರಸಿದ ವಿದ್ವತ್ತು ಅದೇ ಎಚ್ಚರವನ್ನು ಕಡತದ ಸಂಕೇತಗಳಿಗೂ ವಿಸ್ತರಿಸಬೇಕಾಗಿದೆ.